ಟಾಮ್ ಮತ್ತು ಜೆರ್ರಿಗೆ ಬಿಡುಗಡೆ ಯಾವಾಗ? ಒಂದು ಪ್ರಶ್ನೆ, ಹಲವು ತಾರೀಖು

ಈಚಿನ ವರ್ಷಗಳಲ್ಲಿ ಜನವರಿ 1 ಬಂತೆಂದರೆ ಒಂದೇ ಬಗೆಯ ಸುದ್ದಿ. 2024ರಲ್ಲಿ ಮಿಕ್ಕಿ ಮೌಸ್‌ನ ಮೊದಲ ರೂಪ, 2025ರಲ್ಲಿ ಪಪಾಯ್, 2026ರಲ್ಲಿ ಬೆಟ್ಟಿ ಬೂಪ್. ಅಮೆರಿಕದಲ್ಲಿ ಇವುಗಳ ಹಕ್ಕುಸ್ವಾಮ್ಯದ ಅವಧಿ ಮುಗಿದಿದೆ, ಇನ್ನು ಯಾರು ಬೇಕಾದರೂ ಬಳಸಬಹುದು ಎನ್ನುವುದು ಸುದ್ದಿಯ ತಿರುಳು. ಅದರ ಬೆನ್ನಿಗೇ ಏಳುವ ಪ್ರಶ್ನೆ: ಹಾಗಾದರೆ ಟಾಮ್ ಮತ್ತು ಜೆರ್ರಿ ಯಾವಾಗ?

ಇದಕ್ಕೆ ಮೂರು ಉತ್ತರಗಳು ಓಡಾಡುತ್ತವೆ. 2036ರವರೆಗೆ ಕಾಯಬೇಕು ಎನ್ನುವುದು ಒಂದು. ಭಾರತದಲ್ಲಿ ಸಿನಿಮಾಕ್ಕೆ 60 ವರ್ಷ ಮಾತ್ರ, ಆದ್ದರಿಂದ ನಮ್ಮಲ್ಲಿ ಎಂದೋ ಮುಗಿದಿದೆ ಎನ್ನುವುದು ಇನ್ನೊಂದು. ಅಮೆರಿಕದಲ್ಲೂ ಅದು ಈಗಾಗಲೇ ಎಲ್ಲರ ಸ್ವತ್ತು ಎನ್ನುವುದು ಮೂರನೆಯದು. ಮೂರರಲ್ಲೂ ಒಂದಿಷ್ಟು ನಿಜ ಸೇರಿಕೊಂಡಿದೆ. ಆದರೆ ಯಾವುದಾದರೂ ಒಂದನ್ನು ಪೂರ್ತಿ ನಂಬಿ ಹಣ ಹೂಡಿದವರು ಕೈಸುಟ್ಟುಕೊಳ್ಳುತ್ತಾರೆ. ಕಾರ್ಟೂನು ನೋಡುವವರಿಗೆ ಒಂದೇ ವಸ್ತುವಿನಂತೆ ಕಂಡರೂ ಕಾನೂನಿನ ಕಣ್ಣಿಗೆ ಅದು ನಾಲ್ಕೈದು ವಸ್ತುಗಳ ಗಂಟು. ಸಿನಿಮಾ ಒಂದು, ಅದರೊಳಗಿನ ಚಿತ್ರ ಒಂದು, ಸಂಗೀತ ಒಂದು, ಹೆಸರು ಮತ್ತೊಂದು. ಪ್ರತಿಯೊಂದಕ್ಕೂ ಬೇರೆ ಗಡುವು, ದೇಶ ಬದಲಾದರೆ ಗಡುವೂ ಬೇರೆ.

ಎಲ್ಲ ಶುರುವಾದ ಆ ಒಂಬತ್ತು ನಿಮಿಷ

1940ರ ಫೆಬ್ರವರಿ 10ರಂದು ಎಂಜಿಎಂ ಸ್ಟುಡಿಯೊ ‘ಪುಸ್ ಗೆಟ್ಸ್ ದ ಬೂಟ್’ ಎಂಬ ಸುಮಾರು ಒಂಬತ್ತು ನಿಮಿಷದ ಕಿರುಚಿತ್ರವನ್ನು ಬಿಡುಗಡೆ ಮಾಡಿತು. ಮಾಡಿದವರು ವಿಲಿಯಂ ಹ್ಯಾನಾ ಮತ್ತು ಜೋಸೆಫ್ ಬಾರ್ಬೆರಾ. ತೆರೆಯ ಮೇಲೆ ಬಂದ ಹೆಸರು ಮಾತ್ರ ಅವರ ಮೇಲಿದ್ದ ರುಡಾಲ್ಫ್ ಐಸಿಂಗ್ ಅವರದು.

ಬೆಕ್ಕು ಇಲಿಯ ಬಾಲ ಹಿಡಿದು ಆಡಿಸುತ್ತದೆ, ಬಿಡುತ್ತದೆ, ಮತ್ತೆ ಹಿಡಿಯುತ್ತದೆ. ಗೋಡೆಯ ಮೇಲೆ ಶಾಯಿಯಿಂದ ಸುಳ್ಳು ಬಿಲವೊಂದನ್ನು ಬರೆದಿಡುತ್ತದೆ. ನಂಬಿ ಓಡಿದ ಇಲಿ ಗೋಡೆಗೆ ಬಡಿದು ಬೀಳುತ್ತದೆ. ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ ಎಂದು ನಾವು ಹೇಳುತ್ತೇವಲ್ಲ, ಮೊದಲ ಭಾಗ ಅದೇ. ಓಟದ ಭರದಲ್ಲಿ ಹೂಕುಂಡ ಒಡೆದಾಗ ಕಥೆ ಹೊರಳುತ್ತದೆ. ಇನ್ನೊಂದು ಸಾಮಾನು ಒಡೆದರೆ ಮನೆಯಿಂದ ಆಚೆ ಎಂದು ಮನೆಗೆಲಸದಾಕೆ ಬೆಕ್ಕನ್ನು ಗದರಿಸುತ್ತಾಳೆ. ಆ ಮಾತು ಇಲಿಯ ಕಿವಿಗೂ ಬೀಳುತ್ತದೆ. ಮೇಜಿನ ಅಂಚಿನಲ್ಲಿ ನಿಂತು ಗಾಜಿನ ಲೋಟವೊಂದನ್ನು ಎತ್ತಿ ಹಿಡಿದಾಗ ಬೆಕ್ಕು ಇದ್ದಲ್ಲೇ ಗಕ್ಕನೆ ನಿಲ್ಲುತ್ತದೆ. ಗಾದೆ ಅಲ್ಲಿಂದ ತಿರುವುಮುರುವು. ಮುಂದಿನ ಹದಿನೆಂಟು ವರ್ಷ ಹ್ಯಾನಾ ಮತ್ತು ಬಾರ್ಬೆರಾ ಮಾಡಿದ್ದು ಇದೇ ತಿರುವಿನ ನೂರು ಬಗೆ.

ಈ ಚಿತ್ರದಲ್ಲಿ ಬೆಕ್ಕಿನ ಹೆಸರು ಟಾಮ್ ಅಲ್ಲ, ಜಾಸ್ಪರ್. ಇಲಿಗೆ ಚಿತ್ರದೊಳಗೆ ಹೆಸರೇ ಇಲ್ಲ. ಚಿತ್ರಕ್ಕೆ ಆಸ್ಕರ್ ನಾಮನಿರ್ದೇಶನ ಸಿಕ್ಕಿತು, ಚಿತ್ರಮಂದಿರದವರಿಂದ ಇನ್ನಷ್ಟು ಬೇಕೆಂಬ ಒತ್ತಾಯವೂ ಬಂತು. ಆಗ ಸ್ಟುಡಿಯೊದೊಳಗೆ ಹೆಸರಿಡುವ ಸ್ಪರ್ಧೆ ನಡೆದು, ಜಾನ್ ಕಾರ್ ಎಂಬ ಆ್ಯನಿಮೇಟರ್ ಕೊಟ್ಟ ಜೋಡಿ ಹೆಸರಿಗೆ 50 ಡಾಲರ್ ಬಹುಮಾನ ಸಿಕ್ಕಿತು. ಆ ಹೆಸರು ಹೊತ್ತು ಬಂದ ಮೊದಲ ಚಿತ್ರ 1941ರ ‘ದ ಮಿಡ್‌ನೈಟ್ ಸ್ನ್ಯಾಕ್’. 1958ರ ಹೊತ್ತಿಗೆ ಈ ಜೋಡಿಯ ಕಿರುಚಿತ್ರಗಳು 114 ಆಗಿದ್ದವು, ಏಳು ಆಸ್ಕರ್ ಬಂದಿದ್ದವು. ಆಮೇಲೆ ಪ್ರಾಗ್ ನಗರದಲ್ಲಿ ಜೀನ್ ಡೈಚ್ 13 ಮಾಡಿದರು, 1963ರಿಂದ 1967ರವರೆಗೆ ಚಕ್ ಜೋನ್ಸ್ 34 ಮಾಡಿಸಿದರು. ಚಿತ್ರಮಂದಿರಗಳಿಗೆಂದು ಆ ಮೂರು ತಂಡಗಳಿಂದ ಬಂದವು ಒಟ್ಟು 161.

ಒಡೆತನವೂ ಕೈ ಬದಲಾಯಿಸುತ್ತ ಬಂದಿದೆ. 1986ರಲ್ಲಿ ಟೆಡ್ ಟರ್ನರ್ ಎಂಜಿಎಂನ ಹಳೆಯ ಚಿತ್ರಗಳ ಭಂಡಾರವನ್ನು ತಮ್ಮದಾಗಿಸಿಕೊಂಡರು. 1992ರಲ್ಲಿ ಅವರು ಕಾರ್ಟೂನ್ ನೆಟ್‌ವರ್ಕ್ ಶುರುಮಾಡಿದಾಗ ಅದರ ದಿನವಿಡೀ ಪ್ರಸಾರಕ್ಕೆ ಇದೇ ಭಂಡಾರ ಬಂಡವಾಳವಾಯಿತು. 1996ರಲ್ಲಿ ಟರ್ನರ್ ಕಂಪನಿ ಟೈಮ್ ವಾರ್ನರ್‌ನಲ್ಲಿ ಸೇರಿತು. ಅಂದಿನಿಂದ ಬೆಕ್ಕು, ಇಲಿ ಎರಡೂ ವಾರ್ನರ್ ಮನೆಯಲ್ಲಿವೆ.

ಅಮೆರಿಕದ 95 ವರ್ಷ ಎಲ್ಲಿಂದ ಬಂತು?

ಈ ಚಿತ್ರಗಳು ಬಂದಾಗ ಅಮೆರಿಕದಲ್ಲಿ ಇದ್ದದ್ದು 1909ರ ಕಾಯ್ದೆ. ಮೊದಲು 28 ವರ್ಷ, ಅರ್ಜಿ ಹಾಕಿ ನವೀಕರಿಸಿದರೆ ಇನ್ನೊಂದು 28 ವರ್ಷ. ನವೀಕರಿಸಲು ಮರೆತರೆ ಅಲ್ಲಿಗೆ ಮುಗಿಯಿತು. ಬೇರೆ ಸ್ಟುಡಿಯೊಗಳ ಎಷ್ಟೋ ಹಳೆಯ ಕಾರ್ಟೂನುಗಳು ಎಲ್ಲರ ಸ್ವತ್ತಾಗಿದ್ದು ಹೀಗೆ ಮರೆತದ್ದರಿಂದ. ಎಂಜಿಎಂ ದೊಡ್ಡ ಕಂಪನಿ, ತನ್ನ ಹೆಸರುವಾಸಿ ಬೆಕ್ಕನ್ನು ಮರೆಯಲಿಲ್ಲ.

1976ರ ಕಾಯ್ದೆ ಹೀಗೆ ಉಳಿದುಕೊಂಡ ಹಳೆಯ ಕೃತಿಗಳಿಗೆ ಒಟ್ಟು 75 ವರ್ಷ ಕೊಟ್ಟಿತು. ಅದೇ ಉಳಿದಿದ್ದರೆ ಜಾಸ್ಪರ್ ಬೆಕ್ಕು 2016ರ ಜನವರಿ 1ಕ್ಕೆ ಎಲ್ಲರದಾಗುತ್ತಿತ್ತು. ಆದರೆ 1998ರಲ್ಲಿ ಅಮೆರಿಕದ ಸಂಸತ್ತು ಇನ್ನೂ 20 ವರ್ಷ ಸೇರಿಸಿ 95 ಮಾಡಿತು. 2004ರಲ್ಲೇ ಮಿಕ್ಕಿಯ ಮೊದಲ ಚಿತ್ರವನ್ನು ಬಿಟ್ಟುಕೊಡಬೇಕಿದ್ದ ಡಿಸ್ನಿ ಈ ವಿಸ್ತರಣೆಗಾಗಿ ಒತ್ತಾಯಿಸಿದವರ ಸಾಲಿನಲ್ಲಿತ್ತು. ಅವಧಿ ಮುಗಿಯುವ ಹೊತ್ತಿಗೆ ಅವಧಿಯನ್ನೇ ಹಿಗ್ಗಿಸುವುದು ಸಂವಿಧಾನಬದ್ಧವೇ ಎಂಬ ಪ್ರಶ್ನೆ ಸುಪ್ರೀಂ ಕೋರ್ಟಿಗೆ ಹೋಯಿತು. 2003ರಲ್ಲಿ ಏಳು ನ್ಯಾಯಮೂರ್ತಿಗಳು ವಿಸ್ತರಣೆಯನ್ನು ಎತ್ತಿಹಿಡಿದರು, ಇಬ್ಬರು ಒಪ್ಪಲಿಲ್ಲ. 1940ಕ್ಕೆ 95 ಕೂಡಿಸಿದರೆ 2035. ಆ ವರ್ಷ ಪೂರ್ತಿ ಕಳೆದ ಮೇಲೆ, 2036ರ ಜನವರಿ 1ರಂದು ಗಡುವು ಮುಗಿಯುತ್ತದೆ. ಮೊದಲ ಉತ್ತರದ ಮೂಲ ಇದು.

ಮೂರನೆಯ ಉತ್ತರವನ್ನೂ ಇಲ್ಲೇ ಬಗೆಹರಿಸಬಹುದು. 1931ರಿಂದ 1933ರವರೆಗೆ ನ್ಯೂಯಾರ್ಕಿನ ವ್ಯಾನ್ ಬ್ಯೂರೆನ್ ಸ್ಟುಡಿಯೊ ‘ಟಾಮ್ ಅಂಡ್ ಜೆರ್ರಿ’ ಎಂಬುದೇ ಹೆಸರಿನ ಕಾರ್ಟೂನುಗಳನ್ನು ಮಾಡಿತ್ತು. ಅದರಲ್ಲಿ ಬೆಕ್ಕೂ ಇಲ್ಲ, ಇಲಿಯೂ ಇಲ್ಲ. ಉದ್ದದವನೊಬ್ಬ, ಗಿಡ್ಡನೆಯವನೊಬ್ಬ, ಇಬ್ಬರು ಮನುಷ್ಯರು. ಬಾರ್ಬೆರಾ ತಾರುಣ್ಯದಲ್ಲಿ ಆ ಸ್ಟುಡಿಯೊದಲ್ಲಿ ಕೆಲಸಕ್ಕಿದ್ದವರೇ. ಆ ಕಪ್ಪುಬಿಳುಪು ಚಿತ್ರಗಳು ಎಲ್ಲರ ಸ್ವತ್ತಾಗಿ ಬಹಳ ಕಾಲವಾಯಿತು. ‘ಟಾಮ್ ಅಂಡ್ ಜೆರ್ರಿ ಮುಕ್ತವಾಗಿದೆ’ ಎಂಬ ಪಟ್ಟಿಗಳನ್ನು ನೋಡುವಾಗ ಅದು ಈ ಮನುಷ್ಯರ ಜೋಡಿಯೇ ಎಂದು ಮೊದಲು ವಿಚಾರಿಸಬೇಕು.

2036ರಲ್ಲಿ ಹೊರಬರುವುದು ಜಾಸ್ಪರ್

ಪಾತ್ರವೊಂದು ಹಲವು ವರ್ಷ, ಹಲವು ಕೃತಿಗಳಲ್ಲಿ ಬೆಳೆದಾಗ ಅದರ ಹಕ್ಕು ಒಂದೇ ದಿನ ಕರಗುವುದಿಲ್ಲ. ಷರ್ಲಾಕ್ ಹೋಮ್ಸ್ ಕುರಿತು 2014ರಲ್ಲಿ ಅಮೆರಿಕದ ಮೇಲ್ಮನವಿ ನ್ಯಾಯಾಲಯ ಹೇಳಿದ್ದು ಇದನ್ನೇ. ಹಳೆಯ ಕಥೆಗಳ ಹೋಮ್ಸ್ ಎಲ್ಲರವನು, ಆದರೆ ಅವಧಿ ಮುಗಿಯದ ಕೊನೆಯ ಕಥೆಗಳಲ್ಲಿ ಹೊಸದಾಗಿ ಸೇರಿದ ಅಂಶಗಳು ಆ ಕಥೆಗಳ ಜೊತೆಗೇ ಉಳಿಯುತ್ತವೆ. ಮಿಕ್ಕಿಯ ವಿಷಯದಲ್ಲೂ ಹೊರಬಂದದ್ದು ಕೈಗವಸಿಲ್ಲದ, ಕಪ್ಪುಚುಕ್ಕಿ ಕಣ್ಣಿನ, ಬಣ್ಣವಿಲ್ಲದ 1928ರ ಮಿಕ್ಕಿ ಮಾತ್ರ.

ಜಾಸ್ಪರ್ ಮತ್ತು ನಾವು ಬಲ್ಲ ಟಾಮ್ ನಡುವೆ ಇಂಥ ಅಂತರ ಬಹಳ ಇದೆ. ಜಾಸ್ಪರನ ಮೈಯ ರೋಮ ಕೆದರಿದೆ, ಮುಖದಲ್ಲಿ ಗೆರೆಗಳು ಜಾಸ್ತಿ, ಹೆಚ್ಚಿನ ಹೊತ್ತು ನಾಲ್ಕು ಕಾಲಿನ ಮೇಲೆ ನಡೆಯುವ ಮನೆಬೆಕ್ಕು ಅದು. ಪ್ರತಿ ಕೂದಲನ್ನೂ ಸಾವಿರಾರು ಸಲ ಬರೆಯುವುದು ಆ್ಯನಿಮೇಟರ್‌ಗಳಿಗೆ ಪ್ರಯಾಸದ ಕೆಲಸ. ವರ್ಷಗಳು ಕಳೆದಂತೆ ಗೆರೆಗಳು ಕಡಿಮೆಯಾದವು, ಮೈ ನುಣುಪಾಯಿತು, ಬೆಕ್ಕು ಎರಡು ಕಾಲಿನ ಮೇಲೆ ನಿಂತಿತು. ಪಿಯಾನೊ ಮುಂದೆ ಕೋಟು ತೊಟ್ಟು ಕೂರುವ ಬೆಕ್ಕು ಬಂದದ್ದು ಈ ಬದಲಾವಣೆಗಳ ಕೊನೆಗೆ.

ಅಂದರೆ 2036ರಲ್ಲಿ ಸಿಗುವುದು ಟಾಮ್ ಎಂಬ ಹೆಸರಿಲ್ಲದ, ನುಣುಪು ಮೈಯಿಲ್ಲದ ಬೆಕ್ಕು. ಹೆಸರು ಬಳಸಿದ ಮೊದಲ ಚಿತ್ರದ ಸರದಿ 2037ಕ್ಕೆ. ಬುಲ್‌ಡಾಗ್ ಸ್ಪೈಕ್ ಮೊದಲು ಬಂದದ್ದು 1942ರ ಚಿತ್ರದಲ್ಲಿ, ಅದು 2038ಕ್ಕೆ. ಹೀಗೆ ವರ್ಷಕ್ಕೆ ಕೆಲವು ಚಿತ್ರಗಳಂತೆ ಸಾಗಿ, ಹ್ಯಾನಾ ಮತ್ತು ಬಾರ್ಬೆರಾ ಮಾಡಿದ್ದೆಲ್ಲ ಹೊರಬರುವ ಹೊತ್ತಿಗೆ 2054 ಆಗಿರುತ್ತದೆ.

ಪೋಸ್ಟರಿನಿಂದ ಕದ್ದು ಟೀಶರ್ಟಿಗೆ: ಒಂದು ನಿಜವಾದ ಮೊಕದ್ದಮೆ

ಇದೆಲ್ಲ ಬರೀ ಲೆಕ್ಕಾಚಾರ ಎನಿಸಬಾರದು. ಟಾಮ್ ಮತ್ತು ಜೆರ್ರಿಯ ಮೇಲೆಯೇ ಅಮೆರಿಕದಲ್ಲಿ ದೊಡ್ಡ ಮೊಕದ್ದಮೆ ನಡೆದಿದೆ. ಅರ್ಧ ಸತ್ಯವನ್ನು ನಂಬಿದರೆ ಏನಾಗುತ್ತದೆ ಎನ್ನುವುದಕ್ಕೆ ಅದಕ್ಕಿಂತ ಒಳ್ಳೆಯ ಪಾಠ ಸಿಗದು.

ಹಿಂದೆ ಚಿತ್ರಮಂದಿರಗಳಿಗೆ ಸ್ಟುಡಿಯೊಗಳು ಪೋಸ್ಟರು, ಲಾಬಿ ಕಾರ್ಡುಗಳನ್ನು ಕಳಿಸುತ್ತಿದ್ದವು. ಆಗಿನ ಕಾಯ್ದೆಯ ಪ್ರಕಾರ ಪ್ರಕಟವಾದ ಪ್ರತಿ ವಸ್ತುವಿನ ಮೇಲೂ ಹಕ್ಕಿನ ಸೂಚನೆ ಇರಬೇಕಿತ್ತು. ಪ್ರಚಾರದ ಕಾಗದಗಳ ಮೇಲೆ ಅದನ್ನು ಹಾಕುವ ಗೋಜಿಗೆ ಎಷ್ಟೋ ಸಲ ಯಾರೂ ಹೋಗಲಿಲ್ಲ. ಎಕ್ಸ್ ಒನ್ ಎಕ್ಸ್ ಪ್ರೊಡಕ್ಷನ್ಸ್ ಮತ್ತು ಅದರ ಜೊತೆಯ ಕಂಪನಿಗಳು ಇಂಥ ಹಳೆಯ ಪೋಸ್ಟರುಗಳನ್ನು ಹುಡುಕಿ, ‘ಗಾನ್ ವಿತ್ ದ ವಿಂಡ್’, ‘ದ ವಿಝರ್ಡ್ ಆಫ್ ಓಝ್’ ಹಾಗೂ ಟಾಮ್ ಮತ್ತು ಜೆರ್ರಿಯ ಆಕೃತಿಗಳನ್ನು ಬಿಡಿಸಿಕೊಂಡು ಟೀಶರ್ಟು, ಊಟದ ಡಬ್ಬಿ, ಇಸ್ಪೀಟು ಎಲೆ, ಗೊಂಬೆಗಳಿಗೆ ಬಳಸುವ ವ್ಯಾಪಾರ ಮಾಡಿದವು. ಪೋಸ್ಟರು ಎಲ್ಲರ ಸ್ವತ್ತು, ಆದ್ದರಿಂದ ಅದರಲ್ಲಿರುವ ಬೆಕ್ಕೂ ಎಲ್ಲರ ಸ್ವತ್ತು ಎನ್ನುವುದು ಅವರ ವಾದ.

2011ರಲ್ಲಿ ಎಂಟನೇ ಸರ್ಕೀಟಿನ ಮೇಲ್ಮನವಿ ನ್ಯಾಯಾಲಯ ಆ ವಾದದ ಮೊದಲರ್ಧವನ್ನು ಒಪ್ಪಿತು. ಸೂಚನೆಯಿಲ್ಲದ ಪೋಸ್ಟರು ಎಲ್ಲರದು ನಿಜ, ಅದನ್ನು ಇದ್ದ ಹಾಗೇ ಮುದ್ರಿಸಬಹುದು. ಆದರೆ ಪೋಸ್ಟರಿನ ಆಕೃತಿಗೆ ಸಿನಿಮಾದ ಪ್ರಸಿದ್ಧ ಮಾತು ಜೋಡಿಸುವುದು, ಅದನ್ನು ಮೂರು ಆಯಾಮದ ಗೊಂಬೆ ಮಾಡುವುದು ಸಿನಿಮಾದಿಂದ ತೆಗೆದುಕೊಂಡಂತೆ, ಸಿನಿಮಾ ಇನ್ನೂ ರಕ್ಷಣೆಯಲ್ಲಿದೆ. ಟಾಮ್ ಮತ್ತು ಜೆರ್ರಿಯ ವಿಷಯದಲ್ಲಂತೂ ತೀರ್ಪು ಇನ್ನೂ ಬಿಗಿ. ಮೊದಲ ಚಿತ್ರದ ಪೋಸ್ಟರನ್ನು ಬಿಟ್ಟರೆ ಉಳಿದ ಪೋಸ್ಟರುಗಳು ಬರುವ ಮುಂಚೆಯೇ ಆ ಪಾತ್ರಗಳು ಸಿನಿಮಾದ ಮೂಲಕ ರಕ್ಷಣೆ ಪಡೆದಿದ್ದವು. ಆಮೇಲಿನ ಪೋಸ್ಟರಿನಲ್ಲಿ ಅದೇ ಬೆಕ್ಕನ್ನು ಮತ್ತೆ ಬರೆದ ಮಾತ್ರಕ್ಕೆ ಬೆಕ್ಕು ಬೀದಿಗೆ ಬಂದಂತಾಗದು.

ಪರಿಣಾಮ ದುಬಾರಿಯಾಯಿತು. ಉಲ್ಲಂಘನೆಯಾದ 257 ಕೃತಿಗಳಿಗೆ ತಲಾ 10,000 ಡಾಲರಿನಂತೆ 25,70,000 ಡಾಲರ್ ಪರಿಹಾರ ನಿಗದಿಯಾಯಿತು, 2016ರಲ್ಲಿ ಮೇಲ್ಮನವಿ ನ್ಯಾಯಾಲಯ ಅದನ್ನು ಎತ್ತಿಹಿಡಿಯಿತು.

ಭಾರತದ ಲೆಕ್ಕ, ಮತ್ತು ರವೀಂದ್ರನಾಥ ಟ್ಯಾಗೋರರ ಪಾಲು

ಈಗ ಎರಡನೆಯ ಉತ್ತರಕ್ಕೆ ಬರೋಣ. 1957ರ ನಮ್ಮ ಹಕ್ಕುಸ್ವಾಮ್ಯ ಕಾಯ್ದೆಯಲ್ಲಿ ಎರಡು ಬಗೆಯ ಗಡುವು ಇದೆ. ಸಾಹಿತ್ಯ, ಸಂಗೀತ, ಚಿತ್ರಕಲೆಗೆ ಕರ್ತೃವಿನ ಜೀವಿತಾವಧಿ ಮತ್ತು ಸತ್ತ ಮೇಲೆ 60 ವರ್ಷ. ಡಿ.ವಿ.ಜಿ. ತೀರಿಕೊಂಡದ್ದು 1975ರಲ್ಲಿ, ಅವರ ಕೃತಿಗಳ ಹಕ್ಕು 2035ರ ಕೊನೆಯವರೆಗೆ. ಕುವೆಂಪು ಅವರದು 2054ರ ಕೊನೆಯವರೆಗೆ. ಸಿನಿಮಾಕ್ಕೆ ಹೀಗಲ್ಲ. ಯಾರು ಬದುಕಿದ್ದರು, ಯಾರು ಸತ್ತರು ಎಂಬುದು ಲೆಕ್ಕಕ್ಕೆ ಬರುವುದಿಲ್ಲ. ಚಿತ್ರ ಪ್ರಕಟವಾದ ಮರುವರ್ಷದಿಂದ 60 ವರ್ಷ, ಅಷ್ಟೇ. 1954ರ ‘ಬೇಡರ ಕಣ್ಣಪ್ಪ’ ಚಿತ್ರದ ಮೇಲಿನ ಸಿನಿಮಾ ಹಕ್ಕು ಈ ಲೆಕ್ಕದಲ್ಲಿ 2014ರ ಕೊನೆಗೇ ಮುಗಿದಿದೆ.

ಈ 60 ಮೊದಲು 50 ಆಗಿತ್ತು. 1941ರಲ್ಲಿ ತೀರಿಕೊಂಡ ಟ್ಯಾಗೋರರ ಕೃತಿಗಳ ಹಕ್ಕು 1991ರ ಡಿಸೆಂಬರ್ 31ಕ್ಕೆ ಮುಗಿಯುವುದಿತ್ತು. ಅದನ್ನು ಉಳಿಸಿಕೊಳ್ಳಬೇಕೆಂಬ ಒತ್ತಾಯಕ್ಕೆ ಮಣಿದು ಕೇಂದ್ರ ಸರ್ಕಾರ 1991ರ ಡಿಸೆಂಬರ್ 28ರಿಂದ ಜಾರಿಗೆ ಬರುವಂತೆ ಎಲ್ಲ ಅವಧಿಗಳಿಗೂ ಹತ್ತು ವರ್ಷ ಸೇರಿಸಿತು. ಬೆಕ್ಕಿನ ಲೆಕ್ಕಕ್ಕೂ ಇದರ ಬಿಸಿ ತಟ್ಟಿದೆ. 1940ರ ಮೊದಲ ಚಿತ್ರದ 50 ವರ್ಷ 1990ರ ಕೊನೆಗೇ ಮುಗಿದಿತ್ತು, ತಿದ್ದುಪಡಿ ಅದನ್ನು ಮುಟ್ಟಲಿಲ್ಲ. 1941ರ ‘ದ ಮಿಡ್‌ನೈಟ್ ಸ್ನ್ಯಾಕ್’ ಮಾತ್ರ ಕೊನೆಯ ಮೂರು ದಿನಗಳಲ್ಲಿ ಸಿಕ್ಕಿಕೊಂಡು ಮತ್ತೆ ಹತ್ತು ವರ್ಷ ರಕ್ಷಣೆ ಪಡೆಯಿತು.

ವಿದೇಶಿ ಕೃತಿಗಳಿಗೆ ಈ ಲೆಕ್ಕ ಅನ್ವಯಿಸುತ್ತದೆಯೇ? ಅನ್ವಯಿಸುತ್ತದೆ. ಅಂತರರಾಷ್ಟ್ರೀಯ ಹಕ್ಕುಸ್ವಾಮ್ಯ ಆದೇಶದ ಪ್ರಕಾರ ವಿದೇಶಿ ಕೃತಿಯನ್ನು ಇಲ್ಲೇ ಪ್ರಕಟವಾದಂತೆ ನೋಡಬೇಕು, ಅದಕ್ಕೆ ನಮ್ಮ ಅವಧಿಯೇ ಸಲ್ಲುತ್ತದೆ. ತಾಯ್ನಾಡಿನಲ್ಲಿ ಸಿಗುವುದಕ್ಕಿಂತ ಹೆಚ್ಚು ಕಾಲ ಇಲ್ಲಿ ಸಿಗಬಾರದು ಎಂಬ ಮಿತಿಯೂ ಇದೆ. 95ಕ್ಕಿಂತ 60 ಚಿಕ್ಕದಾದ್ದರಿಂದ ಸಿನಿಮಾದ ಮಟ್ಟಿಗೆ 60 ನಿಲ್ಲುತ್ತದೆ. 1958ರವರೆಗಿನ ಚಿತ್ರಗಳದು 2018ರ ಕೊನೆಗೆ ತೀರಿದೆ. ಚಕ್ ಜೋನ್ಸ್ ಕಾಲದ ಕೊನೆಯ ಚಿತ್ರಗಳದು 2027ರ ಕೊನೆಗೆ ತೀರುತ್ತದೆ. 2028ರ ಜನವರಿ 1ಕ್ಕೆ ಆ 161 ಚಿತ್ರಗಳಲ್ಲಿ ಒಂದರ ಮೇಲೂ ಭಾರತದಲ್ಲಿ ಸಿನಿಮಾ ಎಂಬ ಹೆಸರಿನ ಹಕ್ಕು ಉಳಿದಿರುವುದಿಲ್ಲ.

ಇಲ್ಲಿಗೇ ನಿಲ್ಲಿಸಿದರೆ ಸುದ್ದಿ ಸಿಹಿ. ಆದರೆ ಅದೇ ಕಾಯ್ದೆಯ 13ನೇ ಸೆಕ್ಷನ್ನಿನ ನಾಲ್ಕನೆಯ ಉಪವಿಭಾಗ ಇನ್ನೊಂದು ಮಾತು ಹೇಳುತ್ತದೆ. ಸಿನಿಮಾದ ಹಕ್ಕು ಬೇರೆ, ಸಿನಿಮಾ ಮಾಡಲು ಬಳಸಿದ ಕೃತಿಗಳ ಹಕ್ಕು ಬೇರೆ, ಒಂದು ಇನ್ನೊಂದನ್ನು ಮುಟ್ಟುವುದಿಲ್ಲ. ಕಾರ್ಟೂನೆಂದರೆ ಮೊದಲಿನಿಂದ ಕೊನೆಯವರೆಗೆ ಕೈಯಲ್ಲಿ ಬರೆದ ಚಿತ್ರ, ಅಂದರೆ ಕಲಾಕೃತಿ. ಹ್ಯಾನಾ 2001ರಲ್ಲಿ, ಬಾರ್ಬೆರಾ 2006ರಲ್ಲಿ ತೀರಿಕೊಂಡರು. ಅವರಿಬ್ಬರನ್ನು ಜಂಟಿ ಕರ್ತೃಗಳೆಂದು ಹಿಡಿದರೆ ನಮ್ಮ ಲೆಕ್ಕದಲ್ಲಿ ಆ ರೇಖಾಚಿತ್ರಗಳ ಹಕ್ಕು 2066ರವರೆಗೆ ಎಳೆಯುತ್ತದೆ. ತಾಯ್ನಾಡಿನ ಮಿತಿ ಅಡ್ಡಬರುವುದರಿಂದ ಅಮೆರಿಕದ ಗಡುವಿಗೆ, ಅಂದರೆ ಮೊದಲ ಚಿತ್ರದ ಮಟ್ಟಿಗೆ 2035ರ ಕೊನೆಗೆ, ನಿಲ್ಲುತ್ತದೆ. ಸ್ಕಾಟ್ ಬ್ರ್ಯಾಡ್ಲಿ ಸಂಯೋಜಿಸಿದ ಸಂಗೀತಕ್ಕೂ ಇದೇ ಬಗೆಯ ಪ್ರತ್ಯೇಕ ಲೆಕ್ಕ.

ಹಕ್ಕುದಾರರ ಪರ ವಕೀಲರು ಹಿಡಿಯುವುದು ಈ ಎಳೆಯನ್ನು. ಎದುರು ಪಕ್ಷದ ವಾದವೂ ಹಗುರವಲ್ಲ. ಸಿನಿಮಾ ಮುಕ್ತವಾಗಿದೆ, ಆದರೆ ಅದರ ಒಂದೊಂದು ಫ್ರೇಮೂ ಬಂಧನದಲ್ಲಿದೆ ಎಂದರೆ ಆ್ಯನಿಮೇಷನ್ ಚಿತ್ರಕ್ಕೆ 60 ವರ್ಷದ ಗಡುವು ಇಟ್ಟದ್ದಕ್ಕೆ ಅರ್ಥವೇ ಉಳಿಯುವುದಿಲ್ಲ. ನನಗೆ ಈ ಎರಡನೆಯ ವಾದ ಹೆಚ್ಚು ನ್ಯಾಯವಾಗಿ ಕಾಣುತ್ತದೆ, ಕನಿಷ್ಠ ಹಳೆಯ ಚಿತ್ರವನ್ನು ಇದ್ದಂತೆ ತೋರಿಸುವ ಮಟ್ಟಿಗೆ. ಆದರೆ ನ್ಯಾಯವಾಗಿ ಕಾಣುವುದನ್ನು ಕೋರ್ಟಿನಲ್ಲಿ ಸಾಧಿಸಲು ಬೇಕಾದ ಹಣ ಮತ್ತು ವರ್ಷಗಳು ಸಣ್ಣ ವ್ಯಾಪಾರಿಯ ಬಳಿ ಇರುವುದಿಲ್ಲ. ಕಾಯ್ದೆಯ ಅಸ್ಪಷ್ಟತೆ ಯಾವಾಗಲೂ ದೊಡ್ಡವರ ಪರವಾಗಿಯೇ ಕೆಲಸ ಮಾಡುವುದು ಈ ಕಾರಣಕ್ಕೆ.

ಜಪಾನಿನಲ್ಲಿ ಹಳೆಯ ಸಿನಿಮಾದ ಅವಧಿ ಮುಗಿದಿದೆಯೇ ಎಂಬ ಪ್ರಶ್ನೆಯೇ ಕೋರ್ಟಿನ ಕಟ್ಟೆ ಹತ್ತಿದೆ. 1953ರಲ್ಲಿ ಬಂದ ಅಮೆರಿಕದ ಚಿತ್ರವೊಂದರ ಅಗ್ಗದ ಡಿವಿಡಿ ಕುರಿತು ಪ್ಯಾರಮೌಂಟ್ ಹೂಡಿದ ಮೊಕದ್ದಮೆಯಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ 2007ರಲ್ಲಿ ಕಂಪನಿಯ ವಿರುದ್ಧ ತೀರ್ಪು ಕೊಟ್ಟಿತು. ಅವಧಿ ಮುಗಿದಿದೆ ಎಂಬ ನೆಲೆಯ ಮೇಲೆ ಟಾಮ್ ಮತ್ತು ಜೆರ್ರಿಯ ಆರಂಭದ ಕಿರುಚಿತ್ರಗಳ ಅಗ್ಗದ ಡಿವಿಡಿಗಳೂ ಆ ದೇಶದಲ್ಲಿ ಮಾರಾಟವಾಗಿವೆ.

ಹೆಸರು ಹಳತಾಗುವುದಿಲ್ಲ

ಹಕ್ಕುಸ್ವಾಮ್ಯಕ್ಕೆ ಕೊನೆಯಿದೆ, ಟ್ರೇಡ್‌ಮಾರ್ಕಿಗೆ ಇಲ್ಲ. ಭಾರತದಲ್ಲಿ ಹತ್ತು ವರ್ಷಕ್ಕೊಮ್ಮೆ ಶುಲ್ಕ ಕಟ್ಟಿ ನವೀಕರಿಸುತ್ತ ಹೋದರೆ ಅದು ಎಂದೆಂದಿಗೂ ನಡೆಯುತ್ತದೆ. ಹಾಗಂತ ಟ್ರೇಡ್‌ಮಾರ್ಕ್ ಎಲ್ಲವನ್ನೂ ತಡೆಯುವುದಿಲ್ಲ. ಈ ಸರಕು ಅದೇ ಕಂಪನಿಯದು ಎಂದು ಗಿರಾಕಿ ಮೋಸಹೋಗಬಾರದು, ಅಷ್ಟು ಅದರ ಉದ್ದೇಶ.

ನಮ್ಮ ಕೋರ್ಟುಗಳು ಕಾರ್ಟೂನು ಪಾತ್ರಗಳನ್ನು ಕಂಡಿವೆ. ಹಿಂದಿ ಕಾಮಿಕ್ಸ್‌ನ ನಾಗರಾಜನನ್ನು ಹೋಲುವ ನಾಗೇಶನನ್ನು ತಂದಾಗ ದೆಹಲಿ ಹೈಕೋರ್ಟ್ ನಾಗರಾಜನ ಪರ ತಡೆಯಾಜ್ಞೆ ಕೊಟ್ಟಿತ್ತು. ಆದರೆ 2009ರಲ್ಲಿ ಬ್ರಿಟನ್ನಿನ ಮಕ್ಕಳ ಕಥೆಗಳ ‘ನಾಡಿ’ (Noddy) ಎಂಬ ಪಾತ್ರದ ಹೆಸರನ್ನು ಮಕ್ಕಳ ಬಟ್ಟೆಗೆ ಬಳಸಿದ ವ್ಯಾಪಾರಿಯ ಮೇಲೆ ಹೂಡಿದ ದಾವೆಯಲ್ಲಿ ಅದೇ ಹೈಕೋರ್ಟ್ ವಿದೇಶಿ ಕಂಪನಿಯ ವಾದ ಒಪ್ಪಲಿಲ್ಲ. ವ್ಯಾಪಾರಿ ಆ ಹೆಸರು ಬಳಸಲು ಶುರುಮಾಡಿದ ಹೊತ್ತಿಗೆ ಪಾತ್ರ ಭಾರತದಲ್ಲಿ ಹೆಸರು ಮಾಡಿತ್ತು ಎಂಬುದಕ್ಕೆ ಪುರಾವೆ ಸಾಲದು ಎಂದಿತು. ಟಾಮ್ ಮತ್ತು ಜೆರ್ರಿಗೆ ಆ ತೊಂದರೆ ಇಲ್ಲ. ಕಾರ್ಟೂನ್ ನೆಟ್‌ವರ್ಕ್ 1995ರಿಂದ ನಮ್ಮ ಮನೆಗಳಲ್ಲಿದೆ, ಹಳ್ಳಿಯ ಜಾತ್ರೆಯ ಬಲೂನಿನ ಮೇಲೂ ಈ ಬೆಕ್ಕಿನ ಮುಖವಿದೆ. ಎಷ್ಟು ಪ್ರಸಿದ್ಧವೋ ಅಷ್ಟು ಬಲವಾದ ಟ್ರೇಡ್‌ಮಾರ್ಕ್.

ಕನ್ನಡದ ಡಬ್ಬಿಂಗ್ ತುಣುಕು, ಅಂಗಡಿಯ ಟೀಶರ್ಟು

ಈ ಗೊಂದಲ ನಮ್ಮಲ್ಲಿ ಮೊದಲು ತಟ್ಟುವುದು ಯೂಟ್ಯೂಬಿನಲ್ಲಿ ಕನ್ನಡ ಮಾತು ಕೂಡಿಸುವವರಿಗೆ. ಟಾಮ್ ಮತ್ತು ಜೆರ್ರಿಯಲ್ಲಿ ಮಾತು ಬಹಳ ಕಡಿಮೆ. ಜಾಗ ಖಾಲಿ ಇರುವುದರಿಂದಲೇ ಉತ್ತರ ಕರ್ನಾಟಕದ ಗಡಸು ಮಾತು ಅಲ್ಲಿ ಅಷ್ಟು ಚೆನ್ನಾಗಿ ಕೂರುತ್ತದೆ. ಬೆಕ್ಕು ಹಲ್ಲು ಕಡಿಯುವಾಗ ‘ತಡೀ ಮಗನ, ನಿನ್ನ ನೋಡ್ಕೋತೀನಿ’ ಎಂದರೆ ಮಕ್ಕಳಿರಲಿ, ಅಜ್ಜಂದಿರೂ ನಗುತ್ತಾರೆ. ಇದು ನಿಜವಾದ ಸೃಜನಶೀಲತೆ, ನುಡಿಯ ಕಿವಿ ಚುರುಕಾಗಿರುವವರಷ್ಟೇ ಮಾಡಬಲ್ಲ ಕೆಲಸ.

ಭಾರತದ 60 ವರ್ಷದ ಲೆಕ್ಕ ಅವರನ್ನು ಕಾಪಾಡುತ್ತದೆಯೇ? ಕೋರ್ಟಿನಲ್ಲಿ ವಾದಿಸಲು ಒಂದು ನೆಲೆ ಕೊಡುತ್ತದೆ. ಯೂಟ್ಯೂಬಿನಲ್ಲಿ ಅದರ ಉಪಯೋಗ ತೀರಾ ಕಡಿಮೆ. ಅಲ್ಲಿ ಮೊದಲ ತಪಾಸಣೆ ಮಾಡುವುದು ಯಂತ್ರ. ಹಕ್ಕುದಾರರು ಕೊಟ್ಟ ಮೂಲ ಚಿತ್ರದ ಜೊತೆ ಹೊಸ ವಿಡಿಯೊವನ್ನು ಅದು ಹೋಲಿಸುತ್ತದೆ. ತಾಳೆಯಾದರೆ ತಡೆಯಬೇಕೇ, ಜಾಹೀರಾತಿನ ಹಣ ತಮ್ಮ ಕಡೆ ತಿರುಗಿಸಬೇಕೇ ಎಂದು ಹಕ್ಕುದಾರರು ತೀರ್ಮಾನಿಸುತ್ತಾರೆ. ಕಂಪನಿ ಲಿಖಿತ ದೂರು ಕೊಟ್ಟರೆ ವಿಡಿಯೊ ಕೆಳಗಿಳಿದು ಚಾನೆಲ್ಲಿನ ಮೇಲೆ ಸ್ಟ್ರೈಕ್, ಅಂದರೆ ತಪ್ಪಿನ ಗುರುತು, ಬೀಳುತ್ತದೆ. 90 ದಿನದೊಳಗೆ ಮೂರು ಸ್ಟ್ರೈಕ್ ಆದರೆ ಚಾನೆಲ್ಲೇ ಹೋಗಬಹುದು. ವರ್ಷಗಟ್ಟಲೆ ಕೂಡಿಸಿದ ಚಂದಾದಾರರು ಒಂದು ವಾರದಲ್ಲಿ ಇಲ್ಲವಾಗುತ್ತಾರೆ. ಪ್ರತಿವಾದ ಸಲ್ಲಿಸಲು ಅವಕಾಶವಿದೆ, ಅದು ಕೊನೆಗೆ ಮೊಕದ್ದಮೆಯ ಬಾಗಿಲಿಗೆ ಒಯ್ಯುತ್ತದೆ.

ಹಾಗಾಗಿ ಡಬ್ಬಿಂಗ್ ಮಾಡುವವರು ಆದಾಯವನ್ನೆಲ್ಲ ಒಂದೇ ಚಾನೆಲ್ಲಿನ ಮೇಲೆ ನಿಲ್ಲಿಸಬಾರದು. ಧ್ವನಿ, ಮಾತು, ಕಥೆ ಅವರದೇ, ಅದರ ಮೂಲ ಕಡತಗಳನ್ನು ಬೇರೆಯಾಗಿ ಜೋಪಾನ ಮಾಡಿಟ್ಟುಕೊಳ್ಳುವುದು ಒಳ್ಳೆಯದು. ಹಿನ್ನೆಲೆ ಸಂಗೀತವನ್ನು ಹಾಗೇ ಉಳಿಸಿಕೊಂಡರೆ ಯಂತ್ರಕ್ಕೆ ಸಿಕ್ಕಿಬೀಳುವ ಸಾಧ್ಯತೆ ಹೆಚ್ಚು ಎಂಬುದೂ ತಿಳಿದಿರಲಿ.

ಟೀಶರ್ಟು, ಶಾಲಾಚೀಲ, ನೀರಿನ ಬಾಟಲಿಗೆ ಈ ಚಿತ್ರ ಅಚ್ಚು ಹಾಕಿ ಮಾರುವವರ ಅಪಾಯ ಇದಕ್ಕಿಂತ ದೊಡ್ಡದು. ಇಲ್ಲಿ ಚಿತ್ರದ ಹಕ್ಕು, ಟ್ರೇಡ್‌ಮಾರ್ಕು ಎರಡೂ ಎದುರಾಗುತ್ತವೆ. ಹಕ್ಕುಸ್ವಾಮ್ಯ ಕಾಯ್ದೆಯ 63ನೇ ಸೆಕ್ಷನ್ನಿನಲ್ಲಿ ಆರು ತಿಂಗಳಿಂದ ಮೂರು ವರ್ಷದವರೆಗೆ ಜೈಲು, 50,000 ರೂಪಾಯಿಯಿಂದ 2 ಲಕ್ಷದವರೆಗೆ ದಂಡ ಇದೆ. ಈ ಅಪರಾಧದಲ್ಲಿ ಪೊಲೀಸರು ವಾರಂಟ್ ಇಲ್ಲದೆ ಬಂಧಿಸಬಹುದು, ಇದು ಜಾಮೀನುರಹಿತ ಎಂದು 2022ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ‘60 ವರ್ಷ ಆಗಿದೆಯಂತೆ’ ಎಂಬ ಫಾರ್ವರ್ಡ್ ಸಂದೇಶವನ್ನು ನಂಬಿ ಸಾಲ ಮಾಡಿ ಸರಕು ತುಂಬಿಸಿಕೊಳ್ಳುವ ಮುಂಚೆ ಇದನ್ನು ಓದಿಕೊಳ್ಳಬೇಕು.

ಕಾಯುವವರ ವಾದ, ಕೇಳುವವರ ವಾದ

ದೀರ್ಘ ಹಕ್ಕಿನ ಪರ ಇರುವವರ ಮುಖ್ಯ ಮಾತು ಸಂರಕ್ಷಣೆಯದು. ಹಳೆಯ ನೈಟ್ರೇಟ್ ಫಿಲ್ಮು ಬೇಗ ಹೊತ್ತಿಕೊಳ್ಳುವ ವಸ್ತು. 1965ರಲ್ಲಿ ಎಂಜಿಎಂ ಉಗ್ರಾಣಕ್ಕೆ ಬಿದ್ದ ಬೆಂಕಿಯಲ್ಲಿ ಎಷ್ಟೋ ಚಿತ್ರಗಳು ನಾಶವಾದವು. ಉಳಿದ ಪ್ರತಿಗಳನ್ನು ಹುಡುಕಿ, ಗೀರು ತೆಗೆದು, ಬಣ್ಣ ಸರಿಪಡಿಸಲು ಹಣ ಬೇಕು. ಆದಾಯದ ಭರವಸೆಯಿಲ್ಲದೆ ಯಾರು ಹಾಕುತ್ತಾರೆ ಎಂದು ಅವರು ಕೇಳುತ್ತಾರೆ. ಪಾತ್ರ ಬೀದಿಪಾಲಾದರೆ ಏನಾಗುತ್ತದೆ ಎಂಬುದಕ್ಕೆ ಮಕ್ಕಳ ಕಥೆಯ ಕರಡಿ ವಿನ್ನಿ ದ ಪೂ ಕೈತಪ್ಪಿದ ಮೇಲೆ ಬಂದ ರಕ್ತಸಿಕ್ತ ಹಾರರ್ ಚಿತ್ರವನ್ನು ತೋರಿಸುತ್ತಾರೆ.

ಇದರಲ್ಲಿ ಸತ್ಯಾಂಶ ಇದೆ. ಆದರೆ ಒಡೆಯ ಒಬ್ಬನೇ ಆದಾಗ ಏನನ್ನು ತೋರಿಸಬೇಕು, ಏನನ್ನು ಮುಚ್ಚಿಡಬೇಕು ಎಂಬ ತೀರ್ಮಾನವೂ ಅವನೊಬ್ಬನದೇ ಆಗುತ್ತದೆ. ಮೊದಲ ಚಿತ್ರದಲ್ಲಿ ಬೆಕ್ಕನ್ನು ಗದರಿಸುವ ಮನೆಗೆಲಸದಾಕೆ ಕಪ್ಪುಜನಾಂಗದ ಹೆಂಗಸು, ಆಗಿನ ಅಮೆರಿಕದ ಬಿಳಿಯರ ಪೂರ್ವಗ್ರಹದಿಂದ ಹುಟ್ಟಿದ ಅಚ್ಚು. ಧ್ವನಿ ಕೊಟ್ಟವರು ಲಿಲಿಯನ್ ರ‍್ಯಾಂಡಾಲ್ಫ್ ಎಂಬ ಕಪ್ಪು ನಟಿ. ಟಿವಿಗೆಂದು ಆ ಧ್ವನಿಯನ್ನು ಎಷ್ಟೋ ಕಡೆ ಅಳಿಸಿ ಬೇರೆಯವರಿಂದ ಮಾತಾಡಿಸಿದರು, ಕೆಲವು ಚಿತ್ರಗಳಲ್ಲಿ ಆ ಪಾತ್ರವನ್ನೇ ತೆಗೆದು ಬೇರೆ ಚಿತ್ರ ಬರೆಸಿದರು. 2013ರಲ್ಲಿ ಬರಬೇಕಿದ್ದ ಡಿಸ್ಕ್ ಸಂಗ್ರಹದಿಂದ ‘ಮೌಸ್ ಕ್ಲೀನಿಂಗ್’, ‘ಕ್ಯಾಸನೋವಾ ಕ್ಯಾಟ್’ ಎಂಬ ಎರಡು ಚಿತ್ರಗಳನ್ನು ಕೈಬಿಟ್ಟದ್ದಕ್ಕೆ ಸಂಗ್ರಾಹಕರು ಪ್ರತಿಭಟಿಸಿದರು, ಕೊನೆಗೆ ಆ ಡಿಸ್ಕೇ ಬರಲಿಲ್ಲ. 2014ರಲ್ಲಿ ಅಮೆಜಾನ್ ಈ ಚಿತ್ರಗಳಿಗೆ ಜನಾಂಗೀಯ ಪೂರ್ವಗ್ರಹದ ಎಚ್ಚರಿಕೆಯನ್ನು ಹಾಕಿತು.

ನನ್ನ ಮಟ್ಟಿಗೆ ಎಚ್ಚರಿಕೆ ಹಾಕಿ ಪೂರ್ತಿ ತೋರಿಸುವುದು ಸರಿ, ಕತ್ತರಿಸಿ ಸುಮ್ಮನಾಗುವುದು ತಪ್ಪು. ಅವಮಾನದ ಅಚ್ಚಿನೊಳಗೆ ನಿಂತು ದುಡಿದ ನಟಿಯ ಧ್ವನಿಯನ್ನೂ ಅಳಿಸಿದರೆ ಅವರಿಗೆ ಎರಡನೆಯ ಸಲ ಅನ್ಯಾಯ ಮಾಡಿದಂತೆ. ಹಕ್ಕು ಮುಗಿದ ಮೇಲೆ ಗ್ರಂಥಾಲಯಗಳು, ಚಿತ್ರಸಂಗ್ರಹಾಲಯಗಳು ಮೂಲ ರೂಪವನ್ನು ಯಾರ ಅಪ್ಪಣೆಯೂ ಇಲ್ಲದೆ ಇಟ್ಟುಕೊಳ್ಳಬಹುದು, ತೋರಿಸಬಹುದು. ಮಕ್ಕಳ ಕಾರ್ಟೂನಿಗೆ ಗಡುವು ಯಾಕೆ ಮುಖ್ಯ ಎಂದು ಕೇಳುವವರಿಗೆ ನಾನು ಕೊಡುವ ಮೊದಲ ಕಾರಣ ಇದು.

ಗಡುವಿಗೂ ಮೊದಲೇ ಬಂದ ಯಂತ್ರ

2025ರ ಏಪ್ರಿಲ್‌ನಲ್ಲಿ ಎನ್ವಿಡಿಯಾ, ಸ್ಟ್ಯಾನ್‌ಫರ್ಡ್ ಮತ್ತಿತರ ಸಂಸ್ಥೆಗಳ ಸಂಶೋಧಕರು ಬರಹದ ಸೂಚನೆಯಿಂದ ಒಂದು ನಿಮಿಷದ ವಿಡಿಯೊ ತಯಾರಿಸುವ ವಿಧಾನವೊಂದನ್ನು ಪ್ರಕಟಿಸಿದರು. ಯಂತ್ರಕ್ಕೆ ಕಲಿಸಲು ಅವರು ಬಳಸಿದ್ದು ಸುಮಾರು ಏಳು ಗಂಟೆಯ ಟಾಮ್ ಮತ್ತು ಜೆರ್ರಿ. ಕಚೇರಿಯಲ್ಲಿ ಕೆಲಸ ಮಾಡುವ ಟಾಮ್, ವೈರು ಕಡಿಯುವ ಜೆರ್ರಿ ಹೀಗೆ ಹೊಸ ಕಥೆಗಳು ಬಂದವು. 2025ರ ಸೆಪ್ಟೆಂಬರಿನಲ್ಲಿ ವಾರ್ನರ್ ಬ್ರದರ್ಸ್ ಡಿಸ್ಕವರಿ ಚಿತ್ರ ತಯಾರಿಸುವ ಮಿಡ್‌ಜರ್ನಿ ಕಂಪನಿಯ ಮೇಲೆ, ತನ್ನ ಸೂಪರ್‌ಮ್ಯಾನ್, ಬ್ಯಾಟ್‌ಮ್ಯಾನ್‌ಗಳಂಥ ಪಾತ್ರಗಳನ್ನು ನಕಲು ಮಾಡುತ್ತಿದೆ ಎಂದು ದಾವೆ ಹೂಡಿತು.

ಕಲಿಕೆಗೆ ಬಳಸುವುದೂ ನಕಲೇ, ಅಥವಾ ಓದುಗ ಓದಿ ಕಲಿತಂತೆಯೇ? ಕಂಪನಿಗಳು ಎರಡನೆಯದನ್ನು ಹೇಳುತ್ತವೆ, ಹಕ್ಕುದಾರರು ಮೊದಲನೆಯದನ್ನು. ಭಾರತದಲ್ಲಿ ಇದೇ ಪ್ರಶ್ನೆ ಸುದ್ದಿಸಂಸ್ಥೆ ಎಎನ್‌ಐ ಮತ್ತು ಓಪನ್‌ಎಐ ನಡುವಿನ ದಾವೆಯ ರೂಪದಲ್ಲಿ 2024ರ ನವೆಂಬರಿನಲ್ಲಿ ದೆಹಲಿ ಹೈಕೋರ್ಟಿಗೆ ಬಂತು. ಯಾವ ಕಡೆ ತೀರ್ಪಾದರೂ ಯಂತ್ರದಿಂದ ಹೊರಬಂದ ಚಿತ್ರ ಟಾಮ್‌ನಂತೆಯೇ ಕಂಡರೆ ಅದನ್ನು ಮಾರುವವರಿಗೆ ಹಳೆಯ ನಿಯಮಗಳೇ ಅನ್ವಯಿಸುತ್ತವೆ. ಕೈಯಿಂದ ಬರೆದೆನೋ, ಯಂತ್ರದಿಂದ ಬರೆಸಿದೆನೋ ಎಂಬುದರಿಂದ ಬೆಕ್ಕಿನ ಒಡೆತನ ಬದಲಾಗುವುದಿಲ್ಲ.

ಯಾರ ಅಪ್ಪಣೆಯೂ ಬೇಡದ ಭಾಗ

ಬೆಕ್ಕು ಇಲಿಯನ್ನು ಅಟ್ಟುವುದು, ಚಿಕ್ಕದು ದೊಡ್ಡದನ್ನು ಬುದ್ಧಿಯಿಂದ ಸೋಲಿಸುವುದು ಒಂದು ಆಲೋಚನೆ. ಆಲೋಚನೆಗೆ ಹಕ್ಕುಸ್ವಾಮ್ಯ ಇಲ್ಲ, ಅದನ್ನು ಹೇಳಿದ ನಿರ್ದಿಷ್ಟ ರೀತಿಗೆ ಮಾತ್ರ ಇದೆ ಎಂದು ನಮ್ಮ ಸುಪ್ರೀಂ ಕೋರ್ಟ್ 1978ರಲ್ಲಿ ಆರ್.ಜಿ. ಆನಂದ್ ಪ್ರಕರಣದಲ್ಲಿ ಸ್ಪಷ್ಟಪಡಿಸಿದೆ. ಹ್ಯಾನಾ ಮತ್ತು ಬಾರ್ಬೆರಾ ತಾವೇ ಆಮೇಲೆ ಟಿವಿಗೆಂದು ಎರಡು ಇಲಿ, ಒಂದು ಬೆಕ್ಕಿನ ಬೇರೆ ಸರಣಿ ಮಾಡಿದರು.

ಇದಕ್ಕೆ ಹತ್ತಿರದ ಉದಾಹರಣೆ ಇವರ ಇತಿಹಾಸದಲ್ಲೇ ಇದೆ. ಆಸ್ಕರ್ ಗೆದ್ದ ‘ದ ಕ್ಯಾಟ್ ಕಾನ್ಸೆರ್ಟೊ’ದಲ್ಲಿ ಟಾಮ್ ಪಿಯಾನೊ ನುಡಿಸುತ್ತಾನೆ, ಪಿಯಾನೊದೊಳಗೆ ಮಲಗಿದ್ದ ಜೆರ್ರಿ ಎದ್ದು ಕಾಟ ಕೊಡುತ್ತಾನೆ. ಸರಿಸುಮಾರು ಅದೇ ಹೊತ್ತಿಗೆ ವಾರ್ನರ್ ಬ್ರದರ್ಸ್ ಬಿಡುಗಡೆ ಮಾಡಿದ ‘ರಾಪ್ಸೊಡಿ ರ‍್ಯಾಬಿಟ್’ನಲ್ಲಿ ಬಗ್ಸ್ ಬನ್ನಿ ಅದೇ ರಾಗ ನುಡಿಸುತ್ತದೆ, ಅಲ್ಲೂ ಇಲಿಯೊಂದು ಕಾಟ ಕೊಡುತ್ತದೆ. ನೀವು ಕದ್ದಿರಿ, ಇಲ್ಲ ನೀವು ಕದ್ದಿರಿ ಎಂದು ಎರಡು ಸ್ಟುಡಿಯೊಗಳವರೂ ದೂರಿಕೊಂಡರು. ಕೊನೆಗೆ ಎರಡೂ ಚಿತ್ರಗಳು ಉಳಿದವು, ಇಂದು ಎರಡರ ಒಡೆತನವೂ ವಾರ್ನರ್‌ನದೇ. ಇಬ್ಬರೂ ನುಡಿಸಿದ್ದು ಫ್ರಾಂಜ್ ಲಿಸ್ಟ್‌ನ ಎರಡನೆಯ ಹಂಗೇರಿಯನ್ ರಾಪ್ಸೊಡಿ. ಲಿಸ್ಟ್ ತೀರಿಕೊಂಡದ್ದು 1886ರಲ್ಲಿ, ಆ ರಾಗಕ್ಕಾಗಿ ಇಬ್ಬರಲ್ಲಿ ಯಾರೂ ಅಪ್ಪಣೆ ಕೇಳಬೇಕಾಗಿರಲಿಲ್ಲ.